ಚೇತರಿಕೆಯ ಸುದ್ದಿಯಲ್ಲಿ ಚಿಕಿತ್ಸೆಯೂ ಇರಲಿ

ಸಂಪಾದಕರಿಗೆ,

ಮಾನ್ಯರೇ,

ನೋವಿನ ಮಾತ್ರೆಯ ಚಟಕ್ಕೆ ಬಿದ್ದು, ಎಲ್ಲವನ್ನೂ ಕಳೆದುಕೊಂಡು, ಮತ್ತೆ ಎದ್ದುನಿಂತ ವೃತ್ತಿಪರ ಆಟಗಾರರ ಬಗ್ಗೆ ಕ್ರೀಡಾ ಪುಟಗಳಲ್ಲೂ ಭಾನುವಾರದ ಪುರವಣಿಗಳಲ್ಲೂ ಆಗಾಗ ಬರಹಗಳು ಬರುತ್ತವೆ. ಅಮೆರಿಕದ ಬ್ಯಾಸ್ಕೆಟ್‌ಬಾಲ್ ಆಟಗಾರ ಕ್ರಿಸ್ ಹೆರೆನ್ ಅವರ ಕಥೆ ಇಂಥವುಗಳಲ್ಲಿ ಬಹಳ ಪ್ರಚಾರ ಪಡೆದದ್ದು. ಈ ಬರಹಗಳಿಗೆಲ್ಲ ಒಂದೇ ಅಚ್ಚು: ಗಾಯವಾಯಿತು, ಮಾತ್ರೆ ನುಂಗಿದರು, ಬೀದಿಗೆ ಬಂದರು, ಮನಸ್ಸು ಗಟ್ಟಿ ಮಾಡಿದರು, ಈಗ ಶಾಲೆಗಳಿಗೆ ಹೋಗಿ ಮಕ್ಕಳ ಮುಂದೆ ಮಾತನಾಡುತ್ತಾರೆ. ಮನಸ್ಸು ಗಟ್ಟಿ ಮಾಡಿದ ಮೇಲೆ ಏನು ಮಾಡಿದರು, ಯಾವ ಔಷಧ ತೆಗೆದುಕೊಂಡರು, ಎಷ್ಟು ಕಾಲ, ಜೀವಕ್ಕೆ ಅಪಾಯವಿದ್ದದ್ದು ಯಾವಾಗ ಎಂಬುದು ಅಲ್ಲಿ ಸಿಗುವುದಿಲ್ಲ. ಮನೆಯಲ್ಲಿ ಇದೇ ಕಷ್ಟದಲ್ಲಿರುವವರನ್ನು ನೋಡಿಕೊಳ್ಳುವವರಿಗೆ ಬೇಕಾದದ್ದು ಅದೇ. ಅದಿಲ್ಲದೆ ಓದಿದವರು ಛಲವೊಂದಿದ್ದರೆ ಸಾಕು ಎಂದುಕೊಂಡು, ಇದ್ದ ಮಾತ್ರೆಗಳನ್ನೆಲ್ಲ ಕಿತ್ತು ಕಸಕ್ಕೆ ಹಾಕಿ, ಕೋಣೆಯ ಬಾಗಿಲು ಹಾಕಿಬಿಡುತ್ತಾರೆ. ಈ ಪತ್ರ ಅಂಥ ಬರಹಗಳು ಬಿಟ್ಟುಬಿಡುವ ಭಾಗದ ಬಗ್ಗೆ.

ಹೆರೆನ್ ವಿಷಯದಲ್ಲಿ ಆ ಅಚ್ಚಿನ ಮೊದಲ ಮಾತೇ ಹೊಂದುವುದಿಲ್ಲ. ಮ್ಯಾಸಚೂಸೆಟ್ಸ್‌ನ ಫಾಲ್ ರಿವರ್ ಊರಿನವರಾದ ಅವರನ್ನು 1999ರಲ್ಲಿ ಡೆನ್ವರ್ ನಗೆಟ್ಸ್ ತಂಡ ಆರಿಸಿಕೊಂಡಿತು. ಮರುವರ್ಷ ತವರಿನ ಬಾಸ್ಟನ್ ಸೆಲ್ಟಿಕ್ಸ್ ಸೇರಿದರು. ಕಾಲೇಜಿನ ದಿನಗಳಲ್ಲೇ ಕುಡಿತ ಮತ್ತು ಕೊಕೇನ್ ಇದ್ದವು. ಆಕ್ಸಿಕಾಂಟಿನ್ ಎಂಬ ಪ್ರಬಲ ನೋವಿನ ಮಾತ್ರೆ ಅವರ ಕೈಗೆ ಬಂದದ್ದು ತಂಡದ ವೈದ್ಯರಿಂದಲ್ಲ. ಊರಿನ ಗೆಳೆಯನೊಬ್ಬನಿಂದ 40 ಮಿಲಿಗ್ರಾಂನ ಒಂದು ಮಾತ್ರೆ, 20 ಡಾಲರಿಗೆ, ಎಂದು ಅವರೇ ಹೇಳಿಕೊಂಡಿದ್ದಾರೆ. ಮುಂದೆ ಅದು ಹೆರಾಯಿನ್‌ಗೆ ತಿರುಗಿತು. 2008ರ ಜೂನ್ 4ರಂದು ಓವರ್‌ಡೋಸ್ ಆಗಿ ಕಾರು ಅಪಘಾತಕ್ಕೀಡಾದಾಗ ತುರ್ತು ಸಿಬ್ಬಂದಿ ಉಳಿಸಿದರು. ಹಿರಿಯ ಆಟಗಾರ ಕ್ರಿಸ್ ಮಲ್ಲಿನ್ ದಂಪತಿಯ ನೆರವಿನಿಂದ ಚಿಕಿತ್ಸಾ ಕೇಂದ್ರ ಸೇರಿದರು. ಮಗುವಿನ ಜನನಕ್ಕೆಂದು ಹೊರಗೆ ಬಂದಾಗ ಮತ್ತೆ ಜಾರಿದರು. ಆಗಸ್ಟ್ 1ರಿಂದ ಮುಟ್ಟಿಲ್ಲ. 2011ರಲ್ಲಿ ವ್ಯಸನಿಗಳಿಗೆ ನೆರವಾಗುವ ಹೆರೆನ್ ಪ್ರಾಜೆಕ್ಟ್ ಸಂಸ್ಥೆ ಕಟ್ಟಿದರು. ಸುದ್ದಿಯಲ್ಲಿ ಜೂನ್ 4 ಬರುತ್ತದೆ, ಆಗಸ್ಟ್ 1 ಬರುತ್ತದೆ. ನಡುವಿನ ಎಂಟು ವಾರದಲ್ಲಿ ಜಾರಿದ್ದು ಬಹಳ ಸಲ ಬರುವುದಿಲ್ಲ. ಚಿಕಿತ್ಸೆ ಶುರುವಾದ ಮೇಲೂ ಜಾರುವುದು ಈ ಕಾಯಿಲೆಯ ನಡೆ. ಹಾಗೆ ಜಾರಿದವರು ಸೋತವರಲ್ಲ ಎಂದು ತೋರಿಸಲು ಅದಕ್ಕಿಂತ ಒಳ್ಳೆಯ ಉದಾಹರಣೆ ಬೇಕಿಲ್ಲ.

ವೈದ್ಯರ ಚೀಟಿಯ ದಾರಿಯಲ್ಲಿ ಬಂದವರೂ ಇದ್ದಾರೆ. ಅಮೆರಿಕನ್ ಫುಟ್‌ಬಾಲ್‌ನ ಬ್ರೆಟ್ ಫಾವ್ರ್ ಗಾಯ, ಶಸ್ತ್ರಚಿಕಿತ್ಸೆಗಳ ನಡುವೆ ವೈಕೋಡಿನ್ ಎಂಬ ನೋವಿನ ಮಾತ್ರೆಗೆ ಅಂಟಿಕೊಂಡು, 1996ರ ಮೇ ತಿಂಗಳಲ್ಲಿ ತಾವಾಗಿಯೇ ಅದನ್ನು ಬಹಿರಂಗಪಡಿಸಿ ಕ್ಯಾನ್ಸಸ್‌ನ ಮೆನಿಂಗರ್ ಕ್ಲಿನಿಕ್‌ನಲ್ಲಿ 46 ದಿನ ಇದ್ದರು. ಮರು ಜನವರಿಯಲ್ಲಿ ಅವರ ತಂಡ ಆ ಆಟದ ಅಂತಿಮ ಪಂದ್ಯವಾದ ಸೂಪರ್ ಬೌಲ್ ಗೆದ್ದಿತು, ಎಲ್ಲರೂ ಅದನ್ನೇ ನೆನಪಿಟ್ಟುಕೊಂಡರು. ಇವರಿಬ್ಬರೇ ಅಪರೂಪದವರು ಎಂದುಕೊಳ್ಳಬೇಕಿಲ್ಲ. ಅಮೆರಿಕನ್ ಫುಟ್‌ಬಾಲ್‌ನ ಲೀಗ್ ಎನ್‌ಎಫ್‌ಎಲ್‌ನಿಂದ ನಿವೃತ್ತರಾದ 644 ಆಟಗಾರರನ್ನು ಕೇಳಿ 2011ರಲ್ಲಿ ಪ್ರಕಟವಾದ ವಾಷಿಂಗ್ಟನ್ ವಿಶ್ವವಿದ್ಯಾಲಯದ ಅಧ್ಯಯನದಲ್ಲಿ ಶೇ 52 ಮಂದಿ ಆಡುವ ಕಾಲದಲ್ಲಿ ಓಪಿಯಾಯ್ಡ್ (ಆಕ್ಸಿಕಾಂಟಿನ್, ವೈಕೋಡಿನ್‌ಗಳಂಥ, ಅಫೀಮಿನ ಜಾತಿಯ) ನೋವು ನಿವಾರಕ ಬಳಸಿದ್ದರು. ಬಳಸಿದವರಲ್ಲಿ ಶೇ 71 ಮಂದಿ ಅದನ್ನು ವೈದ್ಯರು ಹೇಳಿದ್ದಕ್ಕಿಂತ ಬೇರೆ ರೀತಿ ಬಳಸಿದ್ದರು.

ಇನ್ನು ದೇಹದ ಒಳಗಿನ ಲೆಕ್ಕ. ಓಪಿಯಾಯ್ಡ್‌ಗಳು ಮಿದುಳಿನಲ್ಲೂ ಬೆನ್ನುಹುರಿಯಲ್ಲೂ ಇರುವ ಮ್ಯೂ ಎಂಬ ಗ್ರಾಹಕಗಳಿಗೆ (ಜೀವಕೋಶದ ಮೇಲಿನ ರಿಸೆಪ್ಟರ್‌ಗಳಿಗೆ) ಅಂಟಿಕೊಂಡು ನೋವಿನ ಸಂದೇಶವನ್ನು ತಗ್ಗಿಸುತ್ತವೆ. ಅದೇ ಗ್ರಾಹಕಗಳು ಉಸಿರಾಟವನ್ನೂ ಕರುಳಿನ ಚಲನೆಯನ್ನೂ ನಿಯಂತ್ರಿಸುತ್ತವೆ. ವಾರಗಟ್ಟಲೆ ನಿತ್ಯ ತೆಗೆದುಕೊಂಡರೆ ದೇಹ ಒಗ್ಗಿಕೊಂಡು, ಮೊದಲಿನ ಪರಿಣಾಮಕ್ಕೆ ಹೆಚ್ಚು ಹೆಚ್ಚು ಬೇಕಾಗುತ್ತದೆ. ಕೆಲವರಲ್ಲಿ ಇನ್ನೊಂದು ತಿರುವು ಕಾಣುತ್ತದೆ: ಮಾತ್ರೆಯೇ ನರಗಳನ್ನು ಸೂಕ್ಷ್ಮವಾಗಿಸಿ ನೋವನ್ನು ಹೆಚ್ಚಿಸುತ್ತದೆ. ಮೊಣಕಾಲಿನ ಗಾಯ ಮಾಗಿದ ಮೇಲೂ ಮೈಯೆಲ್ಲ ನೋಯುತ್ತಿದ್ದರೆ, ಡೋಸ್ ಏರಿಸಿದಷ್ಟೂ ನೋವು ಹರಡುತ್ತಿದ್ದರೆ, ಇದನ್ನು ಅನುಮಾನಿಸಬೇಕು. ಆಟಗಾರನಿಗೆ ಮಾತ್ರ ಅದು ಹಳೆಯ ಗಾಯ ಮರಳಿದಂತೆ ತೋರುತ್ತದೆ. ಇನ್ನೊಂದು ಮಾತ್ರೆ ನುಂಗುತ್ತಾನೆ. ಪುರುಷ ಆಟಗಾರರಲ್ಲಿ ದೀರ್ಘಕಾಲದ ಬಳಕೆ ಟೆಸ್ಟೋಸ್ಟೆರೋನ್ ಇಳಿಸುತ್ತದೆ. ಸುಸ್ತು, ಸ್ನಾಯು ಕರಗುವುದು, ಮಂಕುತನ ಇವನ್ನು ನಿವೃತ್ತಿಯ ಬೇಸರ ಎಂದು ತಳ್ಳಿಹಾಕದೆ ಒಂದು ರಕ್ತಪರೀಕ್ಷೆ ಮಾಡಿಸುವುದು ಒಳ್ಳೆಯದು.

ಜೊತೆಗೆ ಬೆರೆತುಬರುವ ಔಷಧವನ್ನು ಯಾರೂ ಲೆಕ್ಕ ಹಿಡಿಯುವುದಿಲ್ಲ. ಫಾವ್ರ್ ಕಾಲದ ಸಾಮಾನ್ಯ ವೈಕೋಡಿನ್ ಮಾತ್ರೆಯಲ್ಲಿ 5 ಮಿಲಿಗ್ರಾಂ ಹೈಡ್ರೋಕೋಡೋನ್ ಎಂಬ ಓಪಿಯಾಯ್ಡ್ ಜೊತೆ 500 ಮಿಲಿಗ್ರಾಂ ಪ್ಯಾರಾಸಿಟಮಾಲ್ ಇರುತ್ತಿತ್ತು. ದಿನಕ್ಕೆ 15 ನುಂಗಿದರೆ ಪ್ಯಾರಾಸಿಟಮಾಲ್ ಒಂದೇ 7.5 ಗ್ರಾಂ. ಆರೋಗ್ಯವಂತ ವಯಸ್ಕರಿಗೆ ಹೇಳುವ ಮಿತಿ 4 ಗ್ರಾಂ. ಕುಡಿಯುವವರಿಗೆ ಇನ್ನೂ ಕಡಿಮೆ. ಯಕೃತ್ತು ಕೆಡುವಾಗ ಮೊದಲ ದಿನ ವಾಕರಿಕೆ ಬಿಟ್ಟರೆ ಏನೂ ತೋರದೇ ಇರಬಹುದು, ಕಾಮಾಲೆ ಕಾಣುವ ಹೊತ್ತಿಗೆ ತಡವಾಗಿರುತ್ತದೆ. ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ 2011ರಲ್ಲಿ ಇಂಥ ಮಿಶ್ರಣಗಳಲ್ಲಿ ಪ್ಯಾರಾಸಿಟಮಾಲ್ ಮಾತ್ರೆಗೆ 325 ಮಿಲಿಗ್ರಾಂ ಮೀರಬಾರದು ಎಂದು ಹೇಳಿದ್ದು ಇದೇ ಕಾರಣಕ್ಕೆ. ಚಿಕಿತ್ಸೆಗೆ ಬಂದವರಿಗೆ ಮೊದಲ ದಿನವೇ ಯಕೃತ್ತಿನ ಪರೀಕ್ಷೆ ಆಗಬೇಕು. ಎಷ್ಟು ಮಿಲಿಗ್ರಾಂ ಎಂದು ಮಾತ್ರ ಕೇಳಿದರೆ ಸಾಲದು, ಮಾತ್ರೆಯ ಪೂರ್ತಿ ಹೆಸರನ್ನು ಕೇಳಬೇಕು.

ಮಾತ್ರೆ ನಿಲ್ಲಿಸಿದಾಗ ಏನಾಗುತ್ತದೆ? ಪ್ರಭಾವ ಬೇಗ ಇಳಿಯುವ ಜಾತಿಯವಾದರೆ ಕೊನೆಯ ಮಾತ್ರೆಯಿಂದ 8ರಿಂದ 24 ಗಂಟೆಯೊಳಗೆ ಆಕಳಿಕೆ, ಕಣ್ಣು ಮೂಗಿನಲ್ಲಿ ನೀರು, ಬೆವರು, ರೋಮಾಂಚನ, ಅಗಲವಾದ ಕಣ್ಣಿನ ಪಾಪೆ. ಎರಡು ಮೂರನೇ ದಿನ ತುದಿ: ವಾಂತಿ, ಭೇದಿ, ಹೊಟ್ಟೆ ಹಿಂಡುವುದು, ಕಾಲು ಒಂದು ಕಡೆ ನಿಲ್ಲದ ಚಡಪಡಿಕೆ, ನಿದ್ದೆ ಪೂರ್ತಿ ಹೋಗುವುದು. ವಾರ ಹತ್ತು ದಿನದಲ್ಲಿ ಇಳಿಯುತ್ತದೆ. ಮೆಥಡೋನ್‌ನಂಥ ನಿಧಾನದ ಓಪಿಯಾಯ್ಡ್ ಆದರೆ ತಡವಾಗಿ ಶುರುವಾಗಿ ಎರಡು ಮೂರು ವಾರ ಎಳೆಯುತ್ತದೆ. ಆರೋಗ್ಯವಂತರಲ್ಲಿ ಇದು ನೇರವಾಗಿ ಕೊಲ್ಲುವುದು ಅಪರೂಪ, ಆದರೆ ವಾಂತಿ ಭೇದಿಯಿಂದ ನೀರು ಮತ್ತು ಲವಣ ಬಸಿದುಹೋಗಿ ಸಾವು ಬಂದದ್ದುಂಟು. ನೋಡಿಕೊಳ್ಳುವವರು ಲವಣ ಬೆರೆಸಿದ ನೀರನ್ನು ಗುಟುಕು ಗುಟುಕಾಗಿ ಕುಡಿಸುತ್ತಿರಬೇಕು. ಕುಡಿದದ್ದು ಹೊಟ್ಟೆಯಲ್ಲಿ ನಿಲ್ಲದೇ ಹೋದರೆ, ಮೂತ್ರ ಕಡಿಮೆಯಾದರೆ ಆಸ್ಪತ್ರೆಗೆ ಒಯ್ಯಬೇಕು. ಭೇದಿಗೆಂದು ಲೋಪೆರಮೈಡ್ ಮಾತ್ರೆಯನ್ನು ಹಿಡಿ ಹಿಡಿಯಾಗಿ ನುಂಗುವವರಿದ್ದಾರೆ. ಅದು ಹೃದಯದ ಲಯವನ್ನೇ ಕೆಡಿಸುತ್ತದೆ. ಬೆವರು ಚಡಪಡಿಕೆಗೆ ವೈದ್ಯರು ಕೊಡುವ ಕ್ಲೊನಿಡಿನ್ ರಕ್ತದೊತ್ತಡ ಇಳಿಸುತ್ತದೆ. ಪ್ರತಿ ಡೋಸ್‌ಗೆ ಮೊದಲು ಒತ್ತಡ ನೋಡಬೇಕು, ಹಾಸಿಗೆಯಿಂದ ಥಟ್ಟನೆ ಏಳಬಾರದು.

ಗಾಯಕ್ಕೆಂದು ವೈದ್ಯರೇ ಬರೆದುಕೊಟ್ಟು, ಇನ್ನೂ ಹತೋಟಿಯಲ್ಲೇ ಇರುವವರಿಗೆ ಬೇರೆ ದಾರಿಯಿದೆ: ಮೆಲ್ಲಗೆ ಇಳಿಸುವುದು. ವರ್ಷಕ್ಕೂ ಹೆಚ್ಚು ತೆಗೆದುಕೊಂಡಿದ್ದರೆ ತಿಂಗಳಿಗೆ ಶೇ 10, ಅಥವಾ ಅದಕ್ಕಿಂತಲೂ ನಿಧಾನ. ಕೆಲವು ವಾರ, ತಿಂಗಳಷ್ಟೇ ಆಗಿದ್ದರೆ ವಾರಕ್ಕೆ ಶೇ 10. ಕೊನೆಯ ಕಾಲುಭಾಗ ಇಳಿಸುವುದೇ ಕಷ್ಟ. ಮೊದಲರ್ಧ ಸಲೀಸಾಗಿ ಇಳಿಯಿತೆಂದು ಉಳಿದದ್ದನ್ನು ಒಮ್ಮೆಲೇ ಬಿಡಲು ಹೋಗಿ ಎಡವುವವರು ಹೆಚ್ಚು.

ಎಲ್ಲಕ್ಕಿಂತ ದೊಡ್ಡ ತಪ್ಪು ತಿಳಿವಳಿಕೆ, ವಿತ್‌ಡ್ರಾವಲ್ (ಮಾತ್ರೆ ನಿಲ್ಲಿಸಿದಾಗಿನ ಈ ಬಾಧೆ) ಮುಗಿದರೆ ಚಿಕಿತ್ಸೆ ಮುಗಿಯಿತು ಎನ್ನುವುದು. ವಾಸ್ತವದಲ್ಲಿ ಅಪಾಯ ಶುರುವಾಗುವುದೇ ಆಗ. ಎರಡು ವಾರ ಬಿಟ್ಟವರ ದೇಹ ಒಗ್ಗಿಕೆಯನ್ನು ಕಳೆದುಕೊಂಡಿರುತ್ತದೆ, ಮನಸ್ಸಿಗೆ ಮಾತ್ರ ಹಳೆಯ ಡೋಸ್ ನೆನಪಿರುತ್ತದೆ. ಹಿಂದೆ ತಡೆದುಕೊಂಡ ಪ್ರಮಾಣವೇ ಈಗ ಉಸಿರು ನಿಲ್ಲಿಸುತ್ತದೆ. ಐಸ್ ಹಾಕಿ ಆಟಗಾರ ಡೆರೆಕ್ ಬೂಗಾರ್ಡ್ 2011ರ ಮೇ 13ರಂದು ಮಿನಿಯಾಪೊಲಿಸ್‌ನಲ್ಲಿ ತೀರಿಕೊಂಡಾಗ ವಯಸ್ಸು 28. ಚಿಕಿತ್ಸಾ ಕೇಂದ್ರದಿಂದ ಕೆಲವು ದಿನದ ಬಿಡುವಿನ ಮೇಲೆ ಮನೆಗೆ ಬಂದಿದ್ದರು. ಮದ್ಯ ಮತ್ತು ಆಕ್ಸಿಕೋಡೋನ್ (ಆಕ್ಸಿಕಾಂಟಿನ್‌ನಲ್ಲಿರುವ ಓಪಿಯಾಯ್ಡ್) ಎರಡೂ ದೇಹದಲ್ಲಿದ್ದವು. ಕೇಂದ್ರದಿಂದ ಹೊರಬಂದ ಮೊದಲ ದಿನಗಳು, ಮದ್ಯ ಅಥವಾ ನಿದ್ರೆಮಾತ್ರೆಯ ಬೆರಕೆ, ಒಂಟಿಯಾಗಿರುವ ಕೋಣೆ: ಇವು ಮೂರೂ ಕೂಡಿದ ರಾತ್ರಿಗಳಲ್ಲೇ ಸಾವುಗಳು ಹೆಚ್ಚು. ಆದ್ದರಿಂದ ಬಿಡುಗಡೆಯ ಮೊದಲ ನಾಲ್ಕು ವಾರಕ್ಕೆ ಯಾರು ಜೊತೆಗಿರುತ್ತಾರೆ, ಔಷಧ ಎಲ್ಲಿಂದ ಬರುತ್ತದೆ, ಮುಂದಿನ ಭೇಟಿ ಯಾವ ದಿನ ಎಂಬುದು ಕೇಂದ್ರ ಬಿಡುವ ಮೊದಲೇ ಕಾಗದದ ಮೇಲೆ ಇರಬೇಕು.

ಔಷಧ ಎಂದೆವಲ್ಲ. ಚಟದ ಚಿಕಿತ್ಸೆಗೆ ವೈದ್ಯರು ಕೊಡುವ ಓಪಿಯಾಯ್ಡ್‌ಗಳಾದ ಬುಪ್ರೆನಾರ್ಫಿನ್ ಅಥವಾ ಮೆಥಡೋನ್ ಮೇಲೆ ಇರುವವರಲ್ಲಿ ಸಾವಿನ ಪ್ರಮಾಣ ಸುಮಾರು ಅರ್ಧಕ್ಕೆ ಇಳಿಯುತ್ತದೆ. ಹೆರೆನ್ ಹಿಡಿದದ್ದು ಪೂರ್ತಿ ವರ್ಜಿಸುವ, ವ್ಯಸನಿಗಳು ಸೇರಿ ಒಬ್ಬರಿಗೊಬ್ಬರು ನೆರವಾಗುವ 12 ಹೆಜ್ಜೆಗಳ ಕೂಟದ ದಾರಿ. ಅವರಿಗೆ ಅದು ಒಲಿಯಿತು, ಸಂತೋಷ. ಆದರೆ ಓಪಿಯಾಯ್ಡ್ ವಿಷಯದಲ್ಲಿ ಔಷಧವಿಲ್ಲದೆ ಬರೀ ಬಿಡಿಸಿ ಕಳಿಸಿದವರಲ್ಲಿ ಬಹುಪಾಲು ಮಂದಿ ಮರಳಿ ಬೀಳುತ್ತಾರೆ. 'ಒಂದು ಮಾತ್ರೆ ಬಿಟ್ಟು ಇನ್ನೊಂದು ಹಿಡಿದ' ಎಂಬ ಹೀಯಾಳಿಕೆ ಕೇಳಿ ಚಿಕಿತ್ಸೆಯ ನಡುವೆ ಔಷಧ ನಿಲ್ಲಿಸಿದವರನ್ನು ಸಮಾಧಿಯವರೆಗೆ ಕಳಿಸಿದ ಪಾಲು ಆ ಮಾತಿಗೂ ಇದೆ.

ಬುಪ್ರೆನಾರ್ಫಿನ್ ವೈದ್ಯರ ಕೈಯಲ್ಲೇ ಶುರುವಾಗಬೇಕು. ಆದರೂ ಅದರ ನಡೆ ಮನೆಯವರಿಗೆ ಗೊತ್ತಿರಲಿ, ಏಕೆಂದರೆ ಎಡವುವುದು ಸಮಯದಲ್ಲಿ. ಅದು ಗ್ರಾಹಕಕ್ಕೆ ಬಹಳ ಬಿಗಿಯಾಗಿ ಅಂಟುತ್ತದೆ, ಆದರೆ ಅರೆಬರೆಯಾಗಿ ಮಾತ್ರ ಕೆಲಸ ಮಾಡುತ್ತದೆ. ಹಳೆಯ ಮಾತ್ರೆ ಇನ್ನೂ ದೇಹದಲ್ಲಿರುವಾಗ ಕೊಟ್ಟರೆ ಅದನ್ನು ಒದ್ದು ಹೊರಹಾಕಿ, ಗಂಟೆಯೊಳಗೆ ಭೀಕರ ವಿತ್‌ಡ್ರಾವಲ್ ತರುತ್ತದೆ. ಒಮ್ಮೆ ಹಾಗಾದವರು ಆ ಔಷಧದ ಹೆಸರೆತ್ತಿದರೆ ಓಡಿಹೋಗುತ್ತಾರೆ. ಆದ್ದರಿಂದ ಬೇಗ ಇಳಿಯುವ ಓಪಿಯಾಯ್ಡ್ ಆದರೆ ಕೊನೆಯ ಡೋಸ್‌ನಿಂದ 12ರಿಂದ 24 ಗಂಟೆ ಕಾಯುತ್ತಾರೆ. ಬರೀ ಗಡಿಯಾರ ನೋಡುವುದಲ್ಲ, ನಾಡಿ, ಬೆವರು, ಪಾಪೆ, ಆಕಳಿಕೆ ಮುಂತಾದ 11 ಅಂಶಗಳ ಅಂಕಪಟ್ಟಿಯಲ್ಲಿ ಬಾಧೆ ಎದ್ದು ಕಾಣುವಂತಿರಬೇಕು. ಆಮೇಲೆ 2ರಿಂದ 4 ಮಿಲಿಗ್ರಾಂ ನಾಲಿಗೆಯಡಿ. ಗಂಟೆ ಎರಡು ಗಂಟೆ ನೋಡಿ ಇನ್ನಷ್ಟು. ಮೊದಲ ದಿನ ಸಾಮಾನ್ಯವಾಗಿ 8ರವರೆಗೆ. ಹಲವರು ದಿನಕ್ಕೆ 16ರ ಹತ್ತಿರ ನೆಲೆಗೊಳ್ಳುತ್ತಾರೆ. ನಿತ್ಯ ಫೆಂಟಾನಿಲ್ ಎಂಬ ಅತಿ ಪ್ರಬಲ ಓಪಿಯಾಯ್ಡ್ ಬಳಸಿದವರಲ್ಲಿ ಅದು ಕೊಬ್ಬಿನಲ್ಲಿ ಕೂತು ನಿಧಾನವಾಗಿ ಹೊರಬರುವುದರಿಂದ 24 ಗಂಟೆಯೂ ಸಾಲದೇ ಹೋಗಬಹುದು.

ಬುಪ್ರೆನಾರ್ಫಿನ್ ಫಲ ಕೊಡಲಿಲ್ಲ ಎನ್ನುವವರಲ್ಲಿ ಎಷ್ಟೋ ಮಂದಿ ಅದನ್ನು ನುಂಗಿರುತ್ತಾರೆ. ಹೊಟ್ಟೆಗೆ ಹೋದರೆ ಯಕೃತ್ತು ಬಹುಪಾಲನ್ನು ಒಡೆದುಹಾಕುತ್ತದೆ. ಬಾಯಿ ಒದ್ದೆ ಮಾಡಿಕೊಂಡು ನಾಲಿಗೆಯಡಿ ಇಟ್ಟು, 5ರಿಂದ 10 ನಿಮಿಷ ಪೂರ್ತಿ ಕರಗುವವರೆಗೆ ಮಾತಿಲ್ಲ, ನೀರಿಲ್ಲ. ಕರಗಿದ ಮೇಲೆ ನೀರು ಮುಕ್ಕಳಿಸಿ, ಹಲ್ಲುಜ್ಜಲು ಒಂದು ಗಂಟೆ ಬಿಡಬೇಕು, ಇಲ್ಲದಿದ್ದರೆ ಹಲ್ಲು ಹುಳುಕಾಗಬಹುದು.

ನಾಲ್ಟ್ರೆಕ್ಸೋನ್ ಬೇರೆ ಜಾತಿಯದು. ಗ್ರಾಹಕವನ್ನು ಮುಚ್ಚುತ್ತದೆ ಅಷ್ಟೆ, ನಶೆಯೂ ಇಲ್ಲ, ನೋವು ಶಮನವೂ ಇಲ್ಲ. ಅದಕ್ಕೆ 7ರಿಂದ 10 ದಿನ ಓಪಿಯಾಯ್ಡ್ ಮುಟ್ಟದೆ ಇರಬೇಕು, ಆಮೇಲೆ ತಿಂಗಳಿಗೊಂದು 380 ಮಿಲಿಗ್ರಾಂನ ಚುಚ್ಚುಮದ್ದು. ತಿಂಗಳು ತಪ್ಪಿಸಿ ಮತ್ತೆ ಹಳೆಯ ಡೋಸ್‌ಗೆ ಕೈಹಾಕಿದರೆ ಮೇಲೆ ಹೇಳಿದ ಅಪಾಯವೇ. ಇನ್ನೂ ಆಡುತ್ತಿರುವವರಿಗೆ ಇದರಲ್ಲೊಂದು ಅನುಕೂಲ ಇದೆ: ವಿಶ್ವ ಉದ್ದೀಪನ ಮದ್ದು ತಡೆ ಸಂಸ್ಥೆ ವಾಡಾದ ಪಟ್ಟಿಯಲ್ಲಿ ಬುಪ್ರೆನಾರ್ಫಿನ್, ಮೆಥಡೋನ್ ಎರಡೂ ಸ್ಪರ್ಧೆಯ ವೇಳೆ ನಿಷೇಧಿತ, ನಾಲ್ಟ್ರೆಕ್ಸೋನ್ ಅಲ್ಲ. ಮೊದಲೆರಡನ್ನು ತೆಗೆದುಕೊಳ್ಳುವವರು ಚಿಕಿತ್ಸಾ ವಿನಾಯಿತಿಗೆ ಅರ್ಜಿ ಹಾಕಬೇಕು. ರೋಗನಿರ್ಣಯದ ದಾಖಲೆ, ಡೋಸ್, ಬೇರೆ ಔಷಧ ಏಕೆ ಸಲ್ಲದು ಎಂಬ ವೈದ್ಯರ ಪತ್ರ ಜೊತೆಗಿರಬೇಕು. ಟ್ರಮಡಾಲ್ ಕೂಡ 2024ರ ಜನವರಿ 1ರಿಂದ ಸ್ಪರ್ಧೆಯ ವೇಳೆ ನಿಷೇಧಿತ. ಅದನ್ನು ಸಾದಾ ನೋವಿನ ಮಾತ್ರೆ ಎಂದು ಚೀಲದಲ್ಲಿ ಇಟ್ಟುಕೊಳ್ಳುವ ಕಾಲ ಮುಗಿದಿದೆ.

ಇಷ್ಟಾದರೂ ನೋವು ನಿಜವಾಗಿಯೇ ಉಳಿದಿರುತ್ತದೆ. ಸವೆದ ಮೃದ್ವಸ್ಥಿ, ಬೆಸೆದ ಬೆನ್ನೆಲುಬು ಮನಃಪರಿವರ್ತನೆಯಿಂದ ಸರಿಹೋಗುವುದಿಲ್ಲ. ಈ ಪ್ರಶ್ನೆಗೆ ಉತ್ತರವಿಲ್ಲದ ಚಿಕಿತ್ಸೆ ಆರು ತಿಂಗಳೂ ನಿಲ್ಲದು. ಹಂತ ಹಂತವಾಗಿ ಭಾರ ಏರಿಸುವ ವ್ಯಾಯಾಮ, ನಿದ್ದೆಯ ಚಿಕಿತ್ಸೆ, ನರದ ನೋವಿಗೆ ಡುಲಾಕ್ಸೆಟಿನ್‌ನಂಥ ಔಷಧ, ಉರಿಯೂತಕ್ಕೆ ಅಲ್ಪಾವಧಿಯ ಐಬುಪ್ರೊಫೆನ್ ಇವೆಲ್ಲ ಕೂಡಿ ಕೆಲಸ ಮಾಡುತ್ತವೆ, ಯಾವುದೂ ಒಂಟಿಯಾಗಿ ಅಲ್ಲ. ಡ್ರೆಸಿಂಗ್ ರೂಮಿನ ಅಚ್ಚುಮೆಚ್ಚಿನ ಕೆಟೊರೊಲ್ಯಾಕ್ ಚುಚ್ಚುಮದ್ದು ಓಪಿಯಾಯ್ಡ್ ಅಲ್ಲ, ನಿಜ. ಆದರೆ ಅದರ ಮಿತಿ ಒಟ್ಟು 5 ದಿನ. ಪ್ರತಿ ಪಂದ್ಯಕ್ಕೂ ಚುಚ್ಚಿಸಿಕೊಂಡರೆ ಹೊಟ್ಟೆಯಲ್ಲಿ ರಕ್ತಸ್ರಾವ, ಕಿಡ್ನಿಗೆ ಪೆಟ್ಟು.

ಮುಂದೆ ಶಸ್ತ್ರಚಿಕಿತ್ಸೆ ಬಂದರೆ? ಹಳೆಯ ಆಟಗಾರರಿಗೆ ಬಂದೇ ಬರುತ್ತದೆ. ಮಂಡಿ ಬದಲಾವಣೆಯೊಂದೇ ಸಾಕು. ಬುಪ್ರೆನಾರ್ಫಿನ್ ನಿಲ್ಲಿಸುವುದು ಹಳೆಯ ಪದ್ಧತಿ; ಈಗ ಮುಂದುವರಿಸಿ, ಅದೇ ಡೋಸನ್ನು ದಿನಕ್ಕೆ ಮೂರು ನಾಲ್ಕು ಪಾಲು ಮಾಡಿ, ನರಕ್ಕೆ ಮರವಳಿಕೆ ಕೊಟ್ಟು ನಿಭಾಯಿಸುತ್ತಾರೆ. ನಾಲ್ಟ್ರೆಕ್ಸೋನ್ ಆದರೆ ಮಾತ್ರೆಯನ್ನು ಮೂರು ದಿನ ಮೊದಲು, ಚುಚ್ಚುಮದ್ದನ್ನು ನಾಲ್ಕು ವಾರ ಮೊದಲು ನಿಲ್ಲಿಸಬೇಕು. ಅರಿವಳಿಕೆ ವೈದ್ಯರಿಗೆ ಇದೆಲ್ಲ ಮೊದಲೇ ತಿಳಿದಿರಬೇಕು, ನಾಚಿಕೊಂಡು ಮುಚ್ಚಿಟ್ಟರೆ ಎಚ್ಚರವಾದಾಗ ತಡೆಯಲಾರದ ನೋವು. ಓಪಿಯಾಯ್ಡ್ ಬೇಕೇ ಬೇಕಾದರೆ ಮಾತ್ರೆಯ ಸಂಖ್ಯೆ, ನಿಲ್ಲಿಸುವ ದಿನ ಬರೆದಿಟ್ಟು, ಡಬ್ಬಿ ಬೇರೆಯವರ ಬೀಗದಲ್ಲಿರಲಿ. ಉಳಿದದ್ದು ಅಂದೇ ಔಷಧಾಲಯಕ್ಕೆ ಮರಳಲಿ.

ಪ್ರಚಾರಕ್ಕಿಳಿದ ಮಾಜಿ ಆಟಗಾರರ ಕೆಲಸವನ್ನು ನಾವು ಕಡಿಮೆ ಮಾಡುತ್ತಿಲ್ಲ. ಹೆರೆನ್ ತಮ್ಮ ಭಾಷಣಗಳಲ್ಲಿ ಕಟ್ಟಕಡೆಯ ದಿನಕ್ಕಿಂತ ಮೊದಲ ದಿನದ ಮೇಲೆ ಒತ್ತು ಕೊಡುತ್ತಾರೆ. ಮಾಧ್ಯಮಗಳಿಗಿಂತ ಅವರಿಗೇ ಇದು ಚೆನ್ನಾಗಿ ಅರ್ಥವಾಗಿದೆ. ಆದರೆ ನಿಯಮ ಬದಲಾದದ್ದು ಭಾಷಣದಿಂದಲ್ಲ, ಒಂದು ಸಾವಿನಿಂದ. ಲಾಸ್ ಏಂಜಲಿಸ್ ಏಂಜಲ್ಸ್ ತಂಡದ ಬೇಸ್‌ಬಾಲ್ ಆಟಗಾರ ಟೈಲರ್ ಸ್ಕ್ಯಾಗ್ಸ್ 2019ರ ಜುಲೈ 1ರಂದು ಟೆಕ್ಸಸ್‌ನ ಹೋಟೆಲ್ ಕೋಣೆಯಲ್ಲಿ ಸತ್ತರು. ದೇಹದಲ್ಲಿ ಫೆಂಟಾನಿಲ್, ಆಕ್ಸಿಕೋಡೋನ್, ಮದ್ಯ. ತಂಡದ ಸಂಪರ್ಕಾಧಿಕಾರಿಯಾಗಿದ್ದ ಎರಿಕ್ ಕೇಗೆ 2022ರಲ್ಲಿ 22 ವರ್ಷದ ಶಿಕ್ಷೆಯಾಯಿತು. 2019ರ ಡಿಸೆಂಬರ್‌ನಲ್ಲಿ ಬೇಸ್‌ಬಾಲ್ ಲೀಗ್ ಮತ್ತು ಆಟಗಾರರ ಸಂಘ ಓಪಿಯಾಯ್ಡ್ ಪರೀಕ್ಷೆಗೆ ಒಪ್ಪಿದವು. ಸಿಕ್ಕಿಬಿದ್ದವರನ್ನು ಮೊದಲು ಕಳಿಸುವುದು ತಜ್ಞರ ತಪಾಸಣೆಗೆ, ಅವರು ಹೇಳಿದ ಚಿಕಿತ್ಸೆಗೆ ಒಪ್ಪದವರಿಗಷ್ಟೇ ಶಿಸ್ತು ಕ್ರಮ. ಈ ಕೊನೆಯ ಷರತ್ತು ಸುದ್ದಿಗಳಲ್ಲಿ ಅಡಿಟಿಪ್ಪಣಿಯಾಯಿತು. ನಮ್ಮ ಅಭಿಪ್ರಾಯದಲ್ಲಿ ಅದೇ ತಲೆಬರಹವಾಗಬೇಕಿತ್ತು. ಶಿಕ್ಷೆಯ ಭಯವಿದ್ದಲ್ಲಿ ಆಟಗಾರ ಮಾತ್ರೆಯನ್ನು ಮುಚ್ಚಿಡುತ್ತಾನೆ, ಮುಚ್ಚಿಟ್ಟವನು ಬಾಗಿಲು ಹಾಕಿಕೊಂಡು ನುಂಗುತ್ತಾನೆ.

ಇನ್ನು ಮುಂದೆ ಇಂಥ ಬರಹ ಅಚ್ಚಾಗುವಾಗ ಪತ್ರಿಕೆಗಳಿಗೆ ನಮ್ಮ ಕೋರಿಕೆ ಇಷ್ಟು. ರಾಶಿ ಹಾಕಿದ ಮಾತ್ರೆ, ಸಿರಿಂಜಿನ ಚಿತ್ರ ಬೇಡ. ಚೇತರಿಸಿಕೊಳ್ಳುತ್ತಿರುವವರಲ್ಲಿ ಅದು ಆಸೆ ಕೆರಳಿಸುತ್ತದೆ. ಆಟಗಾರನನ್ನು ಸಂದರ್ಶಿಸುವಾಗ ಯಾವ ಚಿಕಿತ್ಸೆ, ಎಷ್ಟು ಕಾಲ, ಖರ್ಚು ಯಾರು ಕೊಟ್ಟರು, ಈಗ ನೋವಿಗೆ ಏನು ಮಾಡುತ್ತೀರಿ ಎಂದು ಕೇಳಿ. ಬರಹದ ಪಕ್ಕ ಒಂದು ಚಿಕ್ಕ ಚೌಕಟ್ಟಿನಲ್ಲಿ ಇದನ್ನು ಹಾಕಿ: ಎಬ್ಬಿಸಿದರೂ ಏಳದ ವ್ಯಕ್ತಿ, ಸೂಜಿಮೊನೆಯಷ್ಟಾದ ಪಾಪೆ, ನಿಧಾನವಾದ ಅಥವಾ ಗೊರಗೊರ ಎನ್ನುವ ಉಸಿರು, ನೀಲಿಗಟ್ಟಿದ ತುಟಿ ಇದ್ದರೆ ಅದು ಓವರ್‌ಡೋಸ್. ಗೊರಕೆ ಎಂದುಕೊಂಡು ಮಲಗಲು ಬಿಡಬಾರದು. ತುರ್ತು ಸೇವೆಗೆ ಕರೆ ಮಾಡಿ. ಓಪಿಯಾಯ್ಡ್ ಪ್ರಭಾವವನ್ನು ತಡೆಯುವ ನಾಲಾಕ್ಸೋನ್ ಸ್ಪ್ರೇ ಇದ್ದರೆ ಒಂದು ಮೂಗಿನ ಹೊಳ್ಳೆಗೆ 4 ಮಿಲಿಗ್ರಾಂ. ತಲೆ ಹಿಂದಕ್ಕೆ ಬಾಗಿಸಿ, ಮೂಗು ಹಿಡಿದು, 5 ಸೆಕೆಂಡಿಗೊಮ್ಮೆ ಬಾಯಿಗೆ ಉಸಿರು ಕೊಡಿ. 2-3 ನಿಮಿಷದಲ್ಲಿ ಎಚ್ಚರವಾಗದಿದ್ದರೆ ಇನ್ನೊಂದು ಹೊಳ್ಳೆಗೆ ಮತ್ತೊಂದು ಡೋಸ್. ಉಸಿರು ಬಂದ ಮೇಲೆ ಮಗ್ಗುಲಿಗೆ ಮಲಗಿಸಿ. ನಾಲಾಕ್ಸೋನ್ ಪ್ರಭಾವ 30ರಿಂದ 90 ನಿಮಿಷದಲ್ಲಿ ಇಳಿಯುತ್ತದೆ, ನುಂಗಿದ ಓಪಿಯಾಯ್ಡ್ ಅದಕ್ಕಿಂತ ಹೆಚ್ಚು ಹೊತ್ತು ಉಳಿಯಬಹುದು. ಎದ್ದು ಕೂತು 'ನಾನು ಚೆನ್ನಾಗಿದ್ದೇನೆ, ಹೋಗಿ' ಎಂದರೂ ಆಸ್ಪತ್ರೆಯವರು ಬರುವವರೆಗೆ ಪಕ್ಕ ಬಿಟ್ಟು ಏಳಬಾರದು.

ಇತಿ,
ವ್ಯಸನ ಚಿಕಿತ್ಸೆ ಮತ್ತು ಕ್ರೀಡಾ ಗಾಯಗಳ ಕ್ಷೇತ್ರದ ಕೆಲವು ಓದುಗರು